ಉಕ್ಕದ ಹಾಲು

ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು, ಈ ನಾಲ್ಕು ತಾಲ್ಲೂಕುಗಳಲ್ಲಿ ನನ್ನಷ್ಟು ಸಗಣಿ ಬಾಚಿದ ಮನುಷ್ಯ ಇನ್ನೊಬ್ಬನಿಲ್ಲ. ಬೇಕಾದರೆ ಸರ್ಕಾರ ಪಂದ್ಯ ಇಡಲಿ. ನಾನು ಬಾಚಿದ್ದನ್ನೆಲ್ಲ ಒಂದೇ ಕಡೆ ರಾಶಿ ಹಾಕಿದ್ದರೆ ಹೊನ್ನಾಳಿಯ ಹತ್ತಿರ ತುಂಗಭದ್ರೆ ಮುಂದೆ ಹೋಗಲು ದಾರಿಯಿಲ್ಲದೆ ಶಿವಮೊಗ್ಗಕ್ಕೆ ವಾಪಸ್ ತಿರುಗುತ್ತಿತ್ತು. ನನ್ನ ಹೆಸರು ಚಿತ್ತಪ್ಪ. ಹೆಂಡತಿ ದುರುಗಮ್ಮ ನನ್ನನ್ನು ಬಡಾಯಿ ಅಂತ ಕರೆಯುತ್ತಾಳೆ. ಊರಲ್ಲಿ ಹೆಸರಿಗಿಂತ ಅದೇ ಹೆಚ್ಚು ಚಲಾವಣೆಯಲ್ಲಿದೆ.

ನಮ್ಮೂರು ತ್ಯಾವಣಿಗೆಯಿಂದ ಬಸವಾಪಟ್ಟಣಕ್ಕೆ ಹೋಗುವ ದಾರಿಯಲ್ಲಿದೆ. ಹೆಸರು ಹೇಳುವುದಿಲ್ಲ. ನನ್ನ ಬಾಯಲ್ಲಿ ಬಂದರೆ ಊರಿನ ಹೆಸರೂ ಮೈಲಿಗೆಯಾಗುತ್ತದೆ, ಆಮೇಲೆ ಬೋರ್ಡು ತೊಳೆಯುವ ಕೆಲಸವೂ ನಮ್ಮ ಕೇರಿಗೇ ಬೀಳುತ್ತದೆ.

ಊರ ಮೇಲಿನ ದಿಬ್ಬದಲ್ಲಿ ವಿರೂಪಾಕ್ಷಪ್ಪ ಗೌಡರ ಡೈರಿ. ಗೌಡರು ಮೊದಲು ಅಡಿಕೆ ವ್ಯಾಪಾರದಲ್ಲಿದ್ದರು. ಯಾರೋ ಹಾಲಿನಲ್ಲಿ ಹೊನ್ನಿದೆ ಅಂದರು, ಮುನ್ನೂರು ಸೀಮೆಹಸು ತಂದು ಕಟ್ಟಿದರು. ಒಂದೊಂದು ಹಸು ಸರ್ಕಾರಿ ಬಸ್ಸಿನಷ್ಟು ದೊಡ್ಡದು. ಪಕ್ಕೆಯಲ್ಲಿ ಒಂದು ಬಾಗಿಲು ಕೊರೆದರೆ ಕಂಡಕ್ಟರು ಹತ್ತಿ ರೈಟ್ ಅನ್ನಬಹುದು. ಅವುಗಳ ತಲೆಯ ಮೇಲೆ ಫ್ಯಾನು. ಬೇಸಿಗೆಯಲ್ಲಿ ಮಂಜಿನ ಹಾಗೆ ನೀರು ಉದುರಿಸುವ ಪೈಪು. ಮಧ್ಯಾಹ್ನ ಕೇಳಲು ಕೊಳಲಿನ ರೆಕಾರ್ಡು. ಕೇರಿಯಲ್ಲಿ ಹೆರಿಗೆ ನೋವು ಎದ್ದರೆ ಆಟೋ ಬರುವುದಿಲ್ಲ. ಅಲ್ಲಿ ಒಂದು ಹಸು ಕೆಮ್ಮಿದರೆ ಡಾಕ್ಟರು ಕಾರಿನಲ್ಲಿ ಬರುತ್ತಾರೆ.

ಹಾಲು ಗೌಡರದು. ಸಗಣಿ ನಮ್ಮದು.

ಸೀಮೆಹಸುವಿನದು ಸಗಣಿಯಲ್ಲ, ಗಂಜಿ. ಕುಳ್ಳು ತಟ್ಟಲು ಬಾರದು, ಗೋಡೆಗೆ ಅಂಟದು. ಸಲಿಕೆಯಲ್ಲಿ ಎತ್ತಿದರೆ ಅರ್ಧ ಬುಟ್ಟಿಗೆ, ಅರ್ಧ ಮೈಗೆ. ಗಂಜಲದ ಘಾಟಿಗೆ ಕಣ್ಣಲ್ಲಿ ಮೆಣಸಿನಕಾಯಿ ಅರೆದ ಹಾಗಾಗುತ್ತದೆ. ನನ್ನ ಕಾಲ್ಬೆರಳ ಸಂದು ಕೊಳೆತು ಬೆಳ್ಳಗಾಗಿತ್ತು. ಉಣ್ಣಲು ಕೂತರೆ ಮುದ್ದೆಗೂ ಅದೇ ವಾಸನೆ. ಬಾಚಿದ್ದನ್ನು ಚರಂಡಿಗೆ ಹಾಕಿ, ಮೇಲಿಂದ ಪೈಪಿನ ನೀರು ಬಿಟ್ಟು ಕೆಳಕ್ಕೆ ತಳ್ಳಬೇಕು. ಚರಂಡಿ ದಿಬ್ಬ ಇಳಿದು ಹಳ್ಳ ಸೇರುತ್ತದೆ. ಹಳ್ಳದ ದಡದಲ್ಲಿ ನಮ್ಮ ಕೇರಿ. ಕೇರಿಯ ಮುಂದೆ ನಮ್ಮ ಬಾವಿ.

ಕೇರಿಯ ಮನೆಮನೆಗೂ ನಲ್ಲಿ ಬಂದಿದೆ. ನಲ್ಲಿಗೆ ನೀರು ಬಂದಿಲ್ಲ. ಗೌಡರ ಬೋರುಗಳು ಪಂಚಾಯ್ತಿ ಬೋರಿನ ನೀರನ್ನು ನೆಲದೊಳಗೇ ಹೀರಿಕೊಂಡವು. ಹಸುಗಳು ಕುಡಿದವು. ಹಸುಗಳ ಹುಲ್ಲು ಕುಡಿಯಿತು. ಹಸುಗಳ ನೆಲ ತೊಳೆಯಿತು. ನಮಗೆ ಉಳಿದದ್ದು ಬಾವಿಯೊಂದೇ. ಅದರೊಳಗೂ ಮುನ್ನೂರು ಹಸುಗಳ ಹಿಂಭಾಗ ಇಳಿದು ಬಂತು.

ಒಮ್ಮೆ ಪಟ್ಟಣದಿಂದ ಒಬ್ಬ ತಜ್ಞ ಬಂದ. ಡೈರಿಯಲ್ಲಿ ಪರದೆ ಕಟ್ಟಿಸಿ, ದನ ತೇಗಿದರೆ ಭೂಮಿ ಕಾಯುತ್ತದೆ ಅಂತ ಪಾಠ ಮಾಡಿದ. ಆ ತೇಗಿನಲ್ಲಿ ಹೊಗೆಗಿಂತ ಕೆಟ್ಟ ಗಾಳಿ ಇದೆಯಂತೆ. ನಾನು ತಕ್ಷಣ ನಂಬಿದೆ. ಮುನ್ನೂರು ಬಸ್ಸು ಒಟ್ಟಿಗೆ ತೇಗುವಾಗ ಎದುರಿಗೆ ನಿಂತವನು ನಾನು. ನನ್ನ ಮೀಸೆ ಸುಟ್ಟದ್ದು ಬೀಡಿಯಿಂದ ಅಂತ ಜನ ಹೇಳುತ್ತಾರೆ, ನಂಬಬೇಡಿ. ಪಾಠ ಮುಗಿದ ಮೇಲೆ ಗೌಡರು ಎದ್ದು, ಹಾಗಾದರೆ ಕೇರಿಯವರು ತಮ್ಮ ಎಮ್ಮೆ ಮಾರಿಬಿಡುವುದು ಲೋಕಕ್ಕೆ ಒಳ್ಳೆಯದು ಅಂದರು. ಕೇರಿಯಲ್ಲಿದ್ದದ್ದು ಎರಡು ಎಮ್ಮೆ. ತೇಗು ಬರುವಷ್ಟು ಮೇವು ಅವು ಹುಟ್ಟಿದಾಗಿನಿಂದ ಕಂಡಿರಲಿಲ್ಲ.

ಇದನ್ನೆಲ್ಲ ನಾನು ನಕ್ಕು ಕಳೆದೆ. ನಗದೇ ಇದ್ದದ್ದು ಮಗಳ ಬಾಣಂತನದಲ್ಲಿ.

ಮಗಳು ಲಕ್ಷ್ಮಿದೇವಿಯನ್ನು ಜಗಳೂರು ಕಡೆ ಕೊಟ್ಟಿದ್ದೇವೆ. ಮದುವೆಯ ದಿನ ಬೀಗರ ಮುಂದೆ ನಾನು ಎದೆ ಉಬ್ಬಿಸಿ, ಭದ್ರಾ ನಾಲೆ ಸೀಮೆಯ ಹೆಣ್ಣು ತಗೊಂಡು ಹೋಗುತ್ತಿದ್ದೀರಿ, ನಮ್ಮಲ್ಲಿ ಕೂಸುಗಳು ಹುಟ್ಟುತ್ತಲೇ ಈಜುತ್ತವೆ ಅಂದಿದ್ದೆ. ಜಗಳೂರಿನವರು ನೀರು ಕಾಣದ ಜನ, ಬಾಯಿ ಮುಚ್ಚಿಕೊಂಡು ಕೇಳಿದ್ದರು. ಹೆರಿಗೆಗೆ ಮಗಳು ತವರಿಗೆ ಬಂದಳು. ಹೆಣ್ಣು ಕೂಸು ಹುಟ್ಟಿತು. ಚೈತ್ರಶ್ರೀ ಅಂತ ಹೆಸರು ಹುಡುಕಿಟ್ಟಿದ್ದರು. ಕೂಸು ಎಷ್ಟು ಚೆಂದ ಅಂದರೆ ಅದನ್ನು ನೋಡಿ ಸೂಲಗಿತ್ತಿಯೇ ದೃಷ್ಟಿ ತೆಗೆಸಿಕೊಂಡು ಹೋದಳು.

ಬಾಣಂತಿಗೆ ಹಂಡೆಗಟ್ಟಲೆ ಬಿಸಿನೀರು ಬೇಕು. ಕೂಸಿಗೂ ದಿನಾ ಎಣ್ಣೆ ತಿಕ್ಕಿ ಮೀಸಬೇಕು. ದುರುಗಮ್ಮ ಬಾವಿಯಿಂದ ಸೇದಿ ತಂದಳು. ನೀರು ಹಸಿರು. ಮೇಲೆ ನೊರೆ. ಬಟ್ಟೆಯಲ್ಲಿ ಸೋಸಿದಳು, ಬಟ್ಟೆ ಹಸಿರಾಯಿತು. ಒಲೆಯ ಮೇಲೆ ಕಾಯಿಸಿದರೆ ಬಚ್ಚಲು ತುಂಬ ಕೊಟ್ಟಿಗೆ ಎದ್ದು ಬಂದ ಹಾಗೆ. ಕೂಸಿನ ಮೈಮೇಲೆ ಕೆಂಪು ಗಂದೆ ಎದ್ದವು. ತೊಡೆಯ ಸಂದಿನಲ್ಲಿ ಚರ್ಮ ಸುಲಿಯಿತು. ರಾತ್ರಿಯೆಲ್ಲ ಅತ್ತು ಅತ್ತು ಅದರ ಧ್ವನಿ ಒಡೆಯಿತು. ಚನ್ನಗಿರಿಯ ಡಾಕ್ಟರು ನೀರು ಎಲ್ಲಿಯದು ಅಂತ ವಿಚಾರಿಸಿ, ಕುಡಿಸಲೂ ಬೇಡಿ, ಮೀಸಲೂ ಬೇಡಿ ಅಂದರು.

ಅಳಿಯ ಮಾರುತಿ ಟೆಂಪೋ ತಗೊಂಡು ಬಂದ. ಬಾಣಂತನದ ನಡುವೆ ಮಗಳನ್ನು ಗಂಡನ ಮನೆಗೆ ಕಳಿಸುವುದು ತವರಿಗೆ ಚಪ್ಪಲಿಯಲ್ಲಿ ಹೊಡೆದ ಹಾಗೆ. ಅಳಿಯ ಒಳ್ಳೆಯವನು. ಕೂಗಾಡಲಿಲ್ಲ. ಕೂಸನ್ನು ಎತ್ತಿಕೊಂಡು ಒಂದೇ ಮಾತು ಅಂದ.

"ಮಾವ, ನಮ್ಮ ಜಗಳೂರಾಗೆ ನೀರು ಕಮ್ಮಿ. ಆದ್ರೆ ಬರೋದು ನೀರೇ."

ನಾಲ್ಕು ತಾಲ್ಲೂಕಿಗೆ ಮಾತು ಸರಬರಾಜು ಮಾಡುವ ನಾನು ಮಗಳ ಬಟ್ಟೆಯ ಗಂಟು ಎತ್ತಿ ಟೆಂಪೋಗೆ ಹಾಕಿದೆ. ಟೆಂಪೋ ತಿರುವು ದಾಟುವ ತನಕ ದುರುಗಮ್ಮ ನಿಂತಿದ್ದಳು. ಅವಳ ಕೈಯೂ ಬಾವಿಯ ನೀರಿಗೆ ಬಿರಿದು ಒಣಗಿದ ಕೆರೆಯಂತಾಗಿತ್ತು. ಬಾವಿ ತಿಳಿಯಾಗದೆ ಮಗಳು ಬರುವುದಿಲ್ಲ, ಮೊಮ್ಮಗಳ ಮುಖ ಕಾಣುವುದಿಲ್ಲ, ಇಷ್ಟು ನಮ್ಮಿಬ್ಬರಿಗೂ ತಿಳಿಯಿತು.

"ಬಡಾಯಿ, ನಿನ್ನ ಬಾಯಿ ಊರಿಗೆಲ್ಲ ಕೇಳ್ತೈತೆ. ದಿಬ್ಬದ ಮ್ಯಾಲೆ ಮಾತ್ರ ಕೇಳಂಗಿಲ್ಲ," ಅಂದಳು.

ನಾನು ಆವತ್ತೇ ದಿಬ್ಬ ಹತ್ತಿದೆ. ಗೌಡರ ಮನೆಯ ಮೆಟ್ಟಿಲ ಕೆಳಗೆ, ನಮಗೆ ಗೊತ್ತು ಮಾಡಿದ ಜಾಗದಲ್ಲಿ ನಿಂತೆ. ಚರಂಡಿ ತಿರುಗಿಸಿ, ಒಂದು ಗುಂಡಿ ತೋಡಿಸಿ ಅಲ್ಲಿಗೆ ಬಿಡಿ ಅಂತ ಕೇಳಿದೆ. ಗೌಡರು ಹಲ್ಲಿಗೆ ಕಡ್ಡಿ ಹಾಕುತ್ತ ಕೇಳಿಸಿಕೊಂಡರು.

"ಗೋಮಯ ಕಣಲೇ ಅದು. ಜನ ಕೊಂಡುಕೊಂಡು ಪೂಜೆ ಮಾಡ್ತಾರೆ. ನಿಮ್ಮ ಬಾವಿಗೆ ತಾನಾಗೇ ಬಂದು ಬೀಳ್ತೈತೆ. ಪುಣ್ಯ ಅನ್ಕಾ."

ಆಮೇಲೆ ತಾವೇ ಸ್ವಲ್ಪ ತಣ್ಣಗಾದರು. ಮುಂದಿನ ಸೋಮವಾರ ದೊಡ್ಡ ಸಾಹೇಬರುಗಳು ಬರುವವರಿದ್ದರು. ಡೈರಿ ಸ್ವಚ್ಛವಾಗಿದೆ, ಸಗಣಿಯೆಲ್ಲ ಗೋಬರ್ ಗ್ಯಾಸಿಗೆ ಹೋಗುತ್ತಿದೆ ಅಂತ ಅವರು ಒಪ್ಪಿದರೆ ಇನ್ನೂ ಮುನ್ನೂರು ಹಸು ತರಲು ಅನುಮತಿ. ಅದಕ್ಕೆ ನನ್ನಿಂದ ಒಂದು ಕೆಲಸ ಆಗಬೇಕಿತ್ತು. ಅದು ಮುಗಿಯಲಿ, ನಿನ್ನ ಬಾವಿ ಆಮೇಲೆ ನೋಡೋಣ ಅಂದರು.

ಕೆಲಸ ಏನೆಂದರೆ ಕೇಳಿ. ಗೌಡರ ಗೋಬರ್ ಗ್ಯಾಸಿನ ಗುಮ್ಮಟ ಕಟ್ಟಿದ ವರ್ಷವೇ ಬಿರುಕು ಬಿಟ್ಟಿತ್ತು. ಅದರಿಂದ ಒಂದು ಬೀಡಿಯೂ ಹತ್ತಿರಲಿಲ್ಲ. ಅದರ ಪೈಪು ಹಳೆಯ ಕರುಗಳ ಕೊಟ್ಟಿಗೆಯನ್ನು ಹಾದು, ಗೋಡೆಯ ಬುಡದ ಕಿಂಡಿಯಿಂದ ಗೌಡರ ಅಡುಗೆಮನೆಗೆ ಹೋಗುತ್ತದೆ. ಗೌಡರ ಮಗ ಕಲ್ಲೇಶ್ ಬುದ್ಧಿವಂತ. ಕೊಟ್ಟಿಗೆಯೊಳಗೆ ಪೈಪು ಕತ್ತರಿಸಿ ಅಂಗಡಿಯ ಸಿಲಿಂಡರು ಜೋಡಿಸಿದ. ಜೋಡಿಸಿದ ಜಾಗದಲ್ಲಿ ಗ್ಯಾಸು ಸೋರುತ್ತಿತ್ತು. ಮೊದಲೇ ಬಿಟ್ಟಿಟ್ಟರೆ ವಾಸನೆಗೆ ಗುಟ್ಟು ರಟ್ಟಾಗುತ್ತದೆ. ಆದ್ದರಿಂದ ಒಬ್ಬ ಮನುಷ್ಯ ಕೊಟ್ಟಿಗೆಯಲ್ಲಿ ಅಡಗಿ ಕೂರಬೇಕು. ಗಂಟೆ ಬಾರಿಸಿದಾಗ ಸಿಲಿಂಡರಿನ ಕೀಲಿ ತಿರುವಿ ಗ್ಯಾಸು ಬಿಡಬೇಕು. ಒದ್ದೆ ಗೋಣಿಯಿಂದ ಜೋಡಣೆಯನ್ನು ಅದುಮಿ ಹಿಡಿಯಬೇಕು. ಯಾವ ಸಾಹೇಬನೂ ಮೂಗು ಹಾಕದಷ್ಟು ಗಬ್ಬಿನಲ್ಲಿ ಕೂರಬಲ್ಲವನು ಯಾರು? ಚಿತ್ತಪ್ಪ.

ಗಂಟೆ ಏಕೆಂದರೆ, ಗೌಡರ ತಾಯಿ ಕಲ್ಲಮ್ಮನವರ ಹಟ. ಹೊಸ ಒಲೆಗೆ ಪೂಜೆ ಮಾಡಿ, ಗಂಟೆ ಬಾರಿಸಿ ಹಚ್ಚಿ, ಮೊದಲು ಹಾಲು ಉಕ್ಕಿಸಬೇಕು. ಉಕ್ಕದ ಒಲೆಯ ಮೇಲೆ ಆ ಮನೆಯಲ್ಲಿ ಒಂದು ಲೋಟ ಟೀ ಕೂಡ ಕಾಯುವುದಿಲ್ಲ.

ಹೀಗೆ ಆ ಮನೆಯ ಹೊಸಿಲು ತುಳಿಯಬಾರದ ನಾನು ಆ ಮನೆಯ ಅಗ್ನಿದೇವನಾದೆ. ಇಂದ್ರ, ವರುಣರ ಪಕ್ಕ ಕುರ್ಚಿ ಹಾಕಿ ಕೂರಿಸಬೇಕಾದ ಹುದ್ದೆ. ನನ್ನನ್ನು ಕರುಗಳ ಗಂಜಲದಲ್ಲಿ ಕುಕ್ಕರಗಾಲಲ್ಲಿ ಕೂರಿಸಿದ್ದರು.

ಸೋಮವಾರ ಸಾಹೇಬರು ಬಂದರು. ಎಷ್ಟು ಕಾರು ಅಂದರೆ ಮೊದಲನೆಯದು ಗೌಡರ ಮನೆ ಮುಟ್ಟಿದಾಗ ಕೊನೆಯದು ಇನ್ನೂ ದಾವಣಗೆರೆಯಲ್ಲಿ ಹಾರ್ನ್ ಹೊಡೆಯುತ್ತಿತ್ತು. ಅವರೆಲ್ಲರಿಗೂ ದೊಡ್ಡವರು ದುರ್ಗಾಂಬಿಕಾ ಅನ್ನುವ ಮೇಡಂ. ಕೇರಿಯ ಹೆಂಗಸರು ಅಂಗಳ ಗುಡಿಸಿ, ಶಾಮಿಯಾನದ ಹೊರಗೆ ಪೊರಕೆ ಹಿಡಿದು ನಿಂತಿದ್ದರು. ದುರುಗಮ್ಮನೂ ಅವರಲ್ಲಿದ್ದಳು.

ನಾನು ಕಿಂಡಿಗೆ ಕಿವಿ ಕೊಟ್ಟು ಕೂತಿದ್ದೆ. ಒಲೆಯ ಮೇಲೆ ಹಾಲಿಟ್ಟ ಸದ್ದು ಕೇಳಿತು. ಗೌಡರ ಭಾಷಣ ಶುರುವಾಯಿತು. ನಮ್ಮಲ್ಲಿ ಒಂದು ಹನಿ ಸಗಣಿ ನೀರೂ ಹೊರಗೆ ಹೋಗುವುದಿಲ್ಲ ಮೇಡಂ, ಎಲ್ಲ ಬೆಂಕಿಯಾಗುತ್ತದೆ ಅಂದರು. ಅಲ್ಲಿಗೇ ನಿಲ್ಲಿಸಿದ್ದರೆ ನಾನು ಕೀಲಿ ತಿರುವುತ್ತಿದ್ದೆನೋ ಏನೋ, ಹೊಟ್ಟೆಪಾಡು. ನಿಲ್ಲಿಸಲಿಲ್ಲ. ಕೆಳಗೆ ಕೇರಿಯ ಬಾವಿ ಕನ್ನಡಿಯ ಹಾಗಿದೆ, ಮೊನ್ನೆ ಒಬ್ಬ ಬಾಣಂತಿ ಅದೇ ನೀರಲ್ಲಿ ಮಿಂದು ಕೂಸಿನ ಜೊತೆ ಸುಖವಾಗಿ ಗಂಡನ ಮನೆಗೆ ಹೋದಳು, ಬೇಕಾದರೆ ನಮ್ಮ ಆಳು ಚಿತ್ತಪ್ಪನನ್ನು ಕೇಳಿ ಅಂದರು. ಚಪ್ಪಾಳೆ ಬಿತ್ತು.

ಗಂಟೆ ಮೊಳಗಿತು.

ಕೈ ಕೀಲಿಯ ಮೇಲಿತ್ತು. ತಿರುವಲಿಲ್ಲ.

ಒಳಗೆ ಕಡ್ಡಿ ಗೀರಿದ ಸದ್ದು. ಆರಿತು. ಇನ್ನೊಂದು ಗೀರಿದರು. ಅದೂ ಆರಿತು. ಮತ್ತೆ ಗಂಟೆ, ಈ ಸಲ ಜೋರಾಗಿ. ಕರುವೊಂದು ನನ್ನ ಬೆನ್ನು ನೆಕ್ಕಿತು. ನಾನು ಗೋಣಿ ಕೆಳಗಿಟ್ಟು ಕೈ ಒರೆಸಿಕೊಂಡೆ. ಕಲ್ಲೇಶ್ ಓಡಿ ಬಂದು ಕೊಟ್ಟಿಗೆಯ ಬಾಗಿಲು ಗುದ್ದತೊಡಗಿದ. ಒಳಗಿನಿಂದ ಅಗಳಿ ಹಾಕಿದ್ದೆ.

ಆಗ ಕಿಂಡಿಯಲ್ಲಿ ಬೆಳಕು ಮಾಯವಾಯಿತು. ಗೌಡರು ಒಲೆಗೆ ಅಡ್ಡಬೀಳುವವರ ಹಾಗೆ ನೆಲಕ್ಕೆ ಹಣೆ ಹಚ್ಚಿ, ಕಿಂಡಿಗೆ ಬಾಯಿಟ್ಟಿದ್ದರು. ಮೂರು ತಲೆಮಾರಿನಿಂದ ಅವರೆದುರು ಅಡ್ಡಬಿದ್ದ ವಂಶ ನಮ್ಮದು. ಆವತ್ತು ಅವರು ನನ್ನ ಮೊಣಕಾಲಿನ ಮಟ್ಟಕ್ಕೆ ಬಂದಿದ್ದರು.

"ಗ್ಯಾಸು ಬಿಡೋಲೇ. ನಿದ್ದೆ ಹೊಡೀತಿದ್ಯೇನಲೇ?"

"ಎದ್ದಿದೀನಿ ಗೌಡ್ರೇ. ಭಾಷಣ ಎಲ್ಲ ಕೇಳಿಸ್ತು."

"ಮತ್ತೆ ಬಿಡು ಚಿತ್ತಪ್ಪ. ಎಲ್ಲಾರೂ ನೋಡಾಕತ್ತಾರೆ."

"ನಮ್ಮ ಬಾವಿ ಕನ್ನಡಿ ಅಂದ್ರಲ್ಲ. ಹೋಗಿ ಮುಖ ನೋಡ್ಕಂಡು ಬರ್ರಿ. ಆಮ್ಯಾಲೆ ಬಿಡ್ತೀನಿ."

ಉಸಿರು ಎಳೆದುಕೊಂಡ ಸದ್ದು. ಹಿಂದೆ ಕಲ್ಲಮ್ಮನವರು ಮಗನ ಭಕ್ತಿ ಕಂಡು ಶಿವ ಶಿವ ಅನ್ನುತ್ತಿದ್ದರು.

"ಚಿತ್ತಪ್ಪಣ್ಣ, ಮಾನ ತೆಗೀಬ್ಯಾಡಪ್ಪ. ಏನು ಬೇಕು ಕೇಳು."

ನನ್ನನ್ನು ಅಣ್ಣ ಅಂದರು. ದೇವರಾಣೆ. ಆ ಮಾತಿಗೆ ದಿಬ್ಬ ಅಲುಗಾಡಿ, ಭದ್ರಾ ನಾಲೆಯ ನೀರು ದಡ ಮೀರಿ ತುಳುಕಿತು.

"ಚರಂಡಿ ಮುಚ್ಚಿಸ್ತೀನಿ ಅಂತ ಅಲ್ಲೇ ಎದ್ದು ನಿಂತು, ಮೇಡಂಗೆ ಕೇಳಂಗೆ ಹೇಳ್ರಿ."

ಆಮೇಲೆ ಅಣ್ಣ ಹೋಗಿ ಹಳೆಯ ಹೆಸರೇ ಬಂತು. "ಸೂಳೆಮಗನೇ, ನಾಳೆಯಿಂದ ಈ ಊರಾಗೆ ಹೆಂಗೆ ಬದುಕ್ತೀಯೋ ನೋಡ್ತೀನಿ."

ಆಗ ನಾನು ಸಿಲಿಂಡರಿನ ಪೈಪು ಕಿತ್ತೆ. ತುಂಬಿದ ಸಿಲಿಂಡರು. ಹೂವಿನ ಬುಟ್ಟಿಯ ಹಾಗೆ ಹೆಗಲಿಗೆ ಎತ್ತಿದೆ. ದಾರಿಯಲ್ಲಿ ಇಳಿಸಿ ಇಳಿಸಿ ಸುಧಾರಿಸಿಕೊಂಡೆ ಅಂತ ದುರುಗಮ್ಮ ಹೇಳುತ್ತಾಳೆ, ಅವಳಿಗೆ ದೂರದ್ದು ಸರಿಯಾಗಿ ಕಾಣುವುದಿಲ್ಲ. ಅಗಳಿ ತೆಗೆದು ಹೊರಗೆ ಬಂದೆ. ಕಲ್ಲೇಶ್ ಬಿಳಿ ಪಂಚೆ ಉಟ್ಟಿದ್ದ. ಮೊಣಕಾಲ ತನಕ ಸಗಣಿ ಮೆತ್ತಿಕೊಂಡ ನನ್ನನ್ನು ಹಿಡಿಯಲು ಕೈ ಚಾಚಿದ, ಪಂಚೆ ನೋಡಿಕೊಂಡ, ಪಕ್ಕಕ್ಕೆ ಸರಿದ. ಶಾಮಿಯಾನದ ನಡುವೆ ಹಾಸಿದ್ದ ಕೆಂಪು ಜಮಖಾನದ ಮೇಲೆ ನಡೆದೆ. ಮೆಟ್ಟಿಲು ಹತ್ತಿದೆ. ಹೊಸಿಲು ದಾಟಿದೆ. ಯಾರೂ ತಡೆಯಲಿಲ್ಲ. ತಡೆಯಬೇಕಾದರೆ ಮುಟ್ಟಬೇಕಲ್ಲ.

ಅಡುಗೆಮನೆಯಲ್ಲಿ ಎಲ್ಲರೂ ತಣ್ಣಗಿನ ಹಾಲಿನ ಪಾತ್ರೆ ನೋಡುತ್ತ ನಿಂತಿದ್ದರು. ಸಿಲಿಂಡರನ್ನು ಒಲೆಯ ಪಕ್ಕ ದಡ್ ಅಂತ ಇಟ್ಟೆ.

"ಗೋಬರ್ ಗ್ಯಾಸು ತಂದೀನಿ ಗೌಡ್ರೇ. ಇಲ್ಲೇ ಇಡ್ಲಾ?"

ಕಲ್ಲಮ್ಮನವರು ಚೀರಿದರು. ಸಿಲಿಂಡರು ನೋಡಿ ಅಲ್ಲ, ಹಾಲಿನ ಹತ್ತಿರ ನನ್ನ ಕಾಲು ನೋಡಿ. ಮೇಡಂ ಮಾತ್ರ ಸಿಲಿಂಡರನ್ನೇ ನೋಡಿದರು. ಹಾಗಾದರೆ ಇಷ್ಟು ಹಸುಗಳ ಸಗಣಿ ಎಲ್ಲಿಗೆ ಹೋಗುತ್ತದೆ ಅಂತ ನನ್ನನ್ನು ಕೇಳಿದರು.

"ನಮ್ಮ ಬಾವಿಗೆ ಮೇಡಂ. ಅಲ್ಲಿಂದ ನಮ್ಮ ಹೊಟ್ಟೆಗೆ," ಅಂದೆ.

ಮೇಡಂ ಬಾವಿ ನೋಡಲು ಹೊರಟರು. ಕೆಸರಿದೆ, ಬಿಸಿಲಿದೆ, ಹೋಳಿಗೆ ಆರುತ್ತದೆ ಅಂತ ಗೌಡರು ಅಡ್ಡ ನಿಂತರು. ಮೇಡಂ ಹೋಳಿಗೆ ಮುಟ್ಟಲಿಲ್ಲ, ಬಾವಿಗೂ ಬರಲಿಲ್ಲ. ಪರಿಶೀಲನೆ ಆಗುವ ತನಕ ಹೊಸ ಹಸು ತರಬೇಡಿ ಅಂತ ಹೇಳಿ ಕಾರು ಹತ್ತಿದರು. ಮಿಕ್ಕ ಸಾಹೇಬರು ಉಂಡೇ ಹೋದರು.

ಕಾರುಗಳ ಧೂಳು ಆರುವ ಮೊದಲೇ ಕಲ್ಲೇಶ್ ಪಂಚೆ ಬಿಚ್ಚಿ ಪ್ಯಾಂಟು ಹಾಕಿಕೊಂಡು ಬಂದ. ಈಗ ಮುಟ್ಟಲು ಅವನಿಗೆ ಅಡ್ಡಿಯಿರಲಿಲ್ಲ. ಜೊತೆಗೆ ನಾಲ್ಕಾರು ಜನ. ಸಲಿಕೆಯ ಹಿಡಿಕೆಯಿಂದ ಹೊಡೆದರು. ನೂರು ಜನ ಹೊಡೆದರೂ ನಾನು ಬೀಳಲಿಲ್ಲ ಅಂತ ಹೇಳಬೇಕೆಂದಿದ್ದೆ. ಬಿದ್ದೆ. ಒಂದು ಹಲ್ಲು ಗೌಡರ ಅಂಗಳದಲ್ಲೇ ಉಳಿಯಿತು. ದುರುಗಮ್ಮ ಮತ್ತು ಹೆಂಗಸರು ಪೊರಕೆ ಎತ್ತಿಕೊಂಡು ನುಗ್ಗಿ ನನ್ನನ್ನು ಎಳೆದುಕೊಂಡರು.

ಎಳೆದುಕೊಂಡು ಹೋಗುವಾಗ ದುರುಗಮ್ಮ ಒಮ್ಮೆ ಹಿಂದಕ್ಕೆ ನೋಡಿದಳು. ನಾನು ತುಳಿದ ಹೊಸಿಲು, ಪಡಸಾಲೆ, ಅಡುಗೆಮನೆಗೆಲ್ಲ ಗೌಡರ ಹೆಂಡತಿ ಪ್ರಮೀಳಾ ಬಕೆಟ್ಟಿನಲ್ಲಿ ಸಗಣಿ ನೀರು ಕಲಸಿ ಚಿಮುಕಿಸುತ್ತಿದ್ದರು. ಮೈಲಿಗೆ ಕಳೆಯಲು.

ಆ ಸಂಜೆ ನನ್ನ ಬಾಯಿಗೆ ಅರಿಶಿನ ಒತ್ತುತ್ತ ದುರುಗಮ್ಮ ಅದನ್ನೇ ಯೋಚಿಸುತ್ತಿದ್ದಳು. ಸಗಣಿ ನೀರು ಬಿದ್ದರೆ ಅವರ ಮನೆ ಮಡಿಯಾಗುತ್ತದೆ. ನಮ್ಮ ಬಾವಿ ತುಂಬ ಇರುವುದು ಅದೇ. ಅವರದೇ ಹಸು, ಅವರದೇ ಸಗಣಿ. ನಾವೇಕೆ ಇಟ್ಟುಕೊಳ್ಳಬೇಕು ಅಂದಳು.

ಮರುದಿನ ಬೆಳಕು ಹರಿಯುವ ಹೊತ್ತಿಗೆ ಕೇರಿಯ ಹೆಂಗಸರು ಬಾವಿಯಿಂದ ಸೇದಿ, ಕೊಡ ಹೊತ್ತು ದಿಬ್ಬ ಹತ್ತಿದರು. ಗೌಡರ ಅಂಗಳಕ್ಕೆ, ಮೆಟ್ಟಿಲಿಗೆ, ಹೊಸಿಲಿಗೆ ಚಿಮುಕಿಸಿದರು. ಕೂಗಲಿಲ್ಲ, ಬೈಯಲಿಲ್ಲ. ನಿಮ್ಮ ಮನೆಗೆ ಮೈಲಿಗೆ ಆಗೈತಂತಲ್ಲ ಅವ್ವಾರೇ, ಶುದ್ಧ ಮಾಡಾಕೆ ಬಂದೀವಿ ಅಂತ ದುರುಗಮ್ಮ ಕಲ್ಲಮ್ಮನವರಿಗೆ ಹೇಳಿದಳಂತೆ. ಅದರ ಮರುದಿನವೂ ಹೋದರು. ಆಮೇಲೂ ಹೋದರು.

ಗೌಡರ ಮನೆ ನಾರತೊಡಗಿತು. ನೊಣಗಳು ಎಷ್ಟು ಬಂದವು ಅಂದರೆ ಆ ಮನೆಯಲ್ಲಿ ಹಗಲೇ ದೀಪ ಹಚ್ಚಬೇಕಾಯಿತು. ಡೈರಿಯ ಕೆಲಸಕ್ಕೆ ಕೇರಿಯಿಂದ ಒಬ್ಬರೂ ಹೋಗಲಿಲ್ಲ. ಗೌಡರು ನ್ಯಾಮತಿಯ ಆಚೆ ಗೋವಿನಕೋವಿಯಿಂದ ಆಳು ತರಿಸಿದರು. ಅವರಿಗೆ ದುರುಗಮ್ಮ ಬಾವಿಯ ನೀರು ತುಂಬಿದ ಚೊಂಬು ತೋರಿಸಿ, ಬಾಚಿದ್ದು ಎಲ್ಲಿಗೆ ಹೋಗುತ್ತದೆ ನೋಡಿ ಅಂದಳು. ಅವರು ಸಂಜೆಯ ಬಸ್ಸಿಗೇ ವಾಪಸಾದರು. ಗೌಡರು ಪೊಲೀಸರನ್ನು ಕರೆಸಿದರು. ಪೇದೆ ಬಂದು, ಕೇಸು ಏನಂತ ಬರೆಯಲಿ ಅಂತ ತಲೆ ಕೆರೆದುಕೊಂಡ. ಅಂಗಳಕ್ಕೆ ಸಗಣಿ ನೀರು ಹಾಕಿದರು ಅಂತ ಬರೆದರೆ ಅವನ ಹೆಂಡತಿಯನ್ನೂ ದಿನಾ ಬೆಳಗ್ಗೆ ಹಿಡಿದು ತರಬೇಕಾಗುತ್ತಿತ್ತು.

ಹೆಚ್ಚು ಕಷ್ಟಕ್ಕೆ ಬಿದ್ದವರು ಕಲ್ಲಮ್ಮನವರು. ಅದು ಸಗಣಿ, ಹೊಲಸು ಅನ್ನುವ ಹಾಗಿಲ್ಲ. ಕೇರಿಯ ಕೈ ಮುಟ್ಟಿದ್ದು, ಮಡಿ ಅನ್ನುವ ಹಾಗೂ ಇಲ್ಲ. ಅದನ್ನು ತೊಳೆದು ಶುದ್ಧ ಮಾಡಬೇಕೆಂದರೆ ಮೇಲೆ ಮತ್ತೆ ಸಗಣಿ ನೀರೇ ಹಾಕಬೇಕು. ಮುದುಕಿ ಹೊಸಿಲಿನ ಒಳಗೇ ಸಿಕ್ಕಿಬಿದ್ದರು. ಗುಡಿಗೆ ಹೋಗುವುದು ನಿಂತಿತು. ಒಂದು ಬೆಳಗ್ಗೆ ಸೆರಗಿನಿಂದ ಮೂಗು ಮುಚ್ಚಿಕೊಂಡು ಬಾಗಿಲಿಗೆ ಬಂದು ದುರುಗಮ್ಮನನ್ನು ನಿಲ್ಲಿಸಿದರು. ಆವತ್ತು ನಾನೂ ಜೊತೆಗೆ ಹೋಗಿದ್ದೆ, ಊದಿದ ಮುಖ ಹೊತ್ತು.

"ಏನೇ ಇದು, ಇಷ್ಟು ನಾರ್ತೈತೆ? ಎಲ್ಲೀದು ಈ ನೀರು?"

"ನಮ್ಮ ಬಾವೀದು ಅವ್ವಾರೇ. ನನ್ನ ಮೊಮ್ಮಗಳಿಗೆ ಮೀಸಿದ್ದು ಇದ್ರಾಗೇ," ಅಂದಳು ದುರುಗಮ್ಮ. ಕೊಡ ಮುಂದೆ ಚಾಚಿ ಹಿಡಿದಳು.

ಕಲ್ಲಮ್ಮನವರು ಬಗ್ಗಿ ಕೊಡದೊಳಗೆ ನೋಡಿದರು. ಬಹಳ ಹೊತ್ತು ನೋಡಿದರು. ನಮ್ಮ ಮೇಲೆ ಕನಿಕರ ಹುಟ್ಟಿತು ಅಂತ ನಾನು ಹೇಳುವುದಿಲ್ಲ, ನಾನು ಸುಳ್ಳು ಹೇಳುವವನಾದರೂ ಅಷ್ಟು ದೊಡ್ಡದು ಹೇಳುವವನಲ್ಲ. ಮೂಗಿಗೆ ತಡೆಯಲಾಗಲಿಲ್ಲ, ಅಷ್ಟೇ. ಒಳಕ್ಕೆ ತಿರುಗಿ ಮಗನನ್ನು ಕರೆದರು.

"ವಿರೂಪಾಕ್ಷಿ, ಆ ಚರಂಡಿ ಮುಚ್ಚು. ಇವತ್ತೇ ಮುಚ್ಚು. ಆಳಿಲ್ಲ ಅಂದ್ರೆ ನೀನೇ ಮುಚ್ಚು."

ಗೌಡರು ಲುಂಗಿ ಎತ್ತಿ ಕಟ್ಟಿಕೊಂಡು ಸಲಿಕೆ ಹಿಡಿದರು. ಕಲ್ಲೇಶ್ ಕಲ್ಲು ಹೊತ್ತ. ಅಪ್ಪ ಮಗ ಮೊಣಕಾಲ ಮಟ್ಟ ಗಂಜಿಯಲ್ಲಿ ನಿಂತು ಚರಂಡಿಯ ಬಾಯಿಗೆ ಮಣ್ಣು ತುಂಬಿದರು. ಕೇರಿಗೆ ಕೇರಿಯೇ ಬೇಲಿಯ ಆಚೆ ನಿಂತು ನೋಡಿತು. ಗೌಡರು ಸಲಿಕೆ ಹಿಡಿಯುವುದು ಹೇಗೆಂದು ಗೊತ್ತಿಲ್ಲದೆ ಎರಡು ಸಲ ಬಿದ್ದರು. ಹರಿಯಲು ದಾರಿಯಿಲ್ಲದ ಸಗಣಿ ಹಿಂದಕ್ಕೆ ತಿರುಗಿ ಅವರ ಕೊಟ್ಟಿಗೆಯಲ್ಲೇ ಏರತೊಡಗಿತು. ಅದಕ್ಕೆ ಗುಂಡಿ ತೋಡುವ ಕೆಲಸ ಇನ್ನೂ ಮುಂದಿತ್ತು.

ಮುಗಿಸಿ ಅಂಗಳಕ್ಕೆ ಬಂದ ಗೌಡರು ಮುಖ ಒರೆಸಿಕೊಂಡರು. ಒರೆಸಿಕೊಂಡದ್ದರಿಂದ ಮುಖ ಇನ್ನೂ ಹಸಿರಾಯಿತು.

"ಆತಲ್ಲ. ಇನ್ನು ನಾಳೆಯಿಂದ ಬರಬ್ಯಾಡ್ರಿ," ಅಂದರು.

"ಚರಂಡಿ ಮುಚ್ಚೀರಿ. ಬಾವಿ ಇನ್ನೂ ಹಂಗೇ ಐತೆ," ಅಂದಳು ದುರುಗಮ್ಮ. "ಅದು ತಿಳಿಯಾಗಲಿ. ನನ್ನ ಮಗಳು ಕೂಸು ಎತ್ಕಂಡು ಬರಲಿ. ಅಲ್ಲೀತನಕ ಸೇದಿ ಸೇದಿ ಇಲ್ಲಿಗೇ ತಂದು ಹಾಕ್ತೀವಿ."

ಕೊಡದ ತಳದಲ್ಲಿ ಉಳಿದಿದ್ದನ್ನು ಗೌಡರ ಕಾಲ ಬುಡಕ್ಕೆ ಸುರಿದಳು. ಕೊಡವನ್ನು ಬೋರಲು ಹಿಡಿದು, ಕೊನೆಯ ಹನಿ ಬೀಳುವ ತನಕ ತಟ್ಟಿದಳು.